ಎಮ್ಮೆ ಹೋಗದ ಸಂದಿ

ಕ್ಷಮಿಸುವುದು ದೊಡ್ಡ ಗುಣ ಎಂದು ಹೇಳುವವರನ್ನು ನಾನು ಬೇಕಾದಷ್ಟು ಕಂಡಿದ್ದೇನೆ. ಅಂಥವರ ಮನೆಯ ದಾರಿಗೆ ಯಾರೂ ಕಲ್ಲು ಹೂತಿರುವುದಿಲ್ಲ. ನಮ್ಮ ದಾರಿಗೆ ಹೂತಿದ್ದರು. ಹೂತವನ ಮುಖ ನನಗೆ ಇವತ್ತಿಗೂ ಕಣ್ಣಿಗೆ ಕಟ್ಟಿದಂತಿದೆ, ಅವನ ಮೇಲಿನ ಸಿಟ್ಟೂ ಹಾಗೇ ಇದೆ. ವಯಸ್ಸಾದ ಮೇಲೆ ಮನುಷ್ಯ ಮೆತ್ತಗಾಗುತ್ತಾನೆ ಎನ್ನುತ್ತಾರೆ. ನನ್ನಲ್ಲಿ ಮೆತ್ತಗಾಗಿರುವುದು ಮೊಳಕಾಲು ಮಾತ್ರ.

ಇದು ಕರ್ನಾಟಕ ಎಂಬ ಹೆಸರು ಬರುವುದಕ್ಕೆ ಮುಂಚಿನ ಮಾತು. ನಾವಿನ್ನೂ ಮೈಸೂರು ರಾಜ್ಯದವರಾಗಿದ್ದೆವು. ನನ್ನ ತವರು ಮಳಖೇಡದ ಹತ್ತಿರ. ಮದುವೆಯಾಗಿ ಬಂದದ್ದು ಶಹಾಬಾದಿಗೂ ವಾಡಿಗೂ ನಡುವಿನ ಒಂದು ಊರಿಗೆ. ಊರಿನ ಹೆಸರು ಬೇಡ. ಅಲ್ಲಿ ಅವನ ಮೊಮ್ಮಕ್ಕಳಿದ್ದಾರೆ, ಅವರು ನನಗೇನೂ ಮಾಡಿಲ್ಲ. ಊರಿನ ಸುತ್ತ ಕಲ್ಲಿನ ಗಣಿಗಳು. ನೆಲ ಅಗೆದರೆ ಫರಸಿ ಕಲ್ಲು ಸಿಗುತ್ತಿತ್ತು. ಅದನ್ನು ಹಾಸಿದರೆ ನೆಲ, ಹೊದಿಸಿದರೆ ಮಾಳಿಗೆ, ನಿಲ್ಲಿಸಿದರೆ ಬೇಲಿ. ಆಳೆತ್ತರದ ಫರಸಿಗಳನ್ನು ಸಾಲಾಗಿ ಹೂತು ನಿಲ್ಲಿಸಿದರೆ ಹಿತ್ತಲಿಗೆ ಬೇರೆ ಮುಳ್ಳುಬೇಲಿ ಬೇಕಿರಲಿಲ್ಲ.

ನಮ್ಮ ಮನೆ ರಸ್ತೆಗೆ ಇರಲಿಲ್ಲ. ರಸ್ತೆಗೆ ಮುಖ ಮಾಡಿದ್ದದ್ದು ಫರಸಿ ವ್ಯಾಪಾರದ ಒಬ್ಬ ಸಾಹುಕಾರನ ದೊಡ್ಡ ಮನೆ. ಅವನ ಅಂಗಳದ ಗೋಡೆಗೆ ಹತ್ತಿಕೊಂಡು ಒಂದು ಸಂದಿ ಹಿಂದಕ್ಕೆ ಹೋಗುತ್ತಿತ್ತು. ಸಂದಿಯ ಇನ್ನೊಂದು ಬದಿಗೆ ಹಳೆಯ ಗೋದಾಮಿನ ಎತ್ತರದ ಗೋಡೆ. ಸಂದಿ ಮುಗಿದಲ್ಲಿ ನಮ್ಮ ಮನೆ, ಮನೆಯ ಹಿಂದೆ ಗಣಿಯವರು ತಲೆಮಾರುಗಳಿಂದ ಸುರಿದ ಕಲ್ಲುಚೂರಿನ ಗುಡ್ಡ. ಅಂದರೆ ನಾವು ಮನೆಯಿಂದ ಲೋಕಕ್ಕೆ ಬರಬೇಕಾದರೆ ಆ ಸಂದಿಯೊಂದೇ ದಾರಿ. ಮದುವೆಯಾಗಿ ಬಂದಾಗ ನಾನು ತುಂಬಿದ ಕೊಡ ಹಿಡಿದು ಒಳಗೆ ಬಂದದ್ದು ಅಲ್ಲಿಂದಲೇ, ನಮ್ಮ ಮಾವನ ಹೆಣ ಹೊರಗೆ ಹೋದದ್ದೂ ಅಲ್ಲಿಂದಲೇ.

ಮಾವ ತೀರಿಕೊಂಡಾಗ ಅತ್ತೆಗೆ ಇನ್ನೂ ಸಣ್ಣ ವಯಸ್ಸು. ಒಂದು ಎಮ್ಮೆ ಕಟ್ಟಿಕೊಂಡು, ಮನೆಮನೆಗೆ ಹಾಲು ಹಾಕಿ ಒಬ್ಬನೇ ಮಗನನ್ನು ದೊಡ್ಡವನನ್ನಾಗಿ ಮಾಡಿದ್ದರು. ಆ ಮಗ, ಅಂದರೆ ನನ್ನ ಗಂಡ, ವಾಡಿಯಲ್ಲಿ ರೈಲ್ವೆ ಕೆಲಸಕ್ಕೆ ಸೇರಿದ ಮೇಲೂ ಅತ್ತೆ ಎಮ್ಮೆ ಬಿಡಲಿಲ್ಲ. "ಮಗನ ಪಗಾರ ಮಗಂದು. ಎಮ್ಮಿ ಹಾಲು ನಂದು" ಎನ್ನುತ್ತಿದ್ದರು. ಆ ಎಮ್ಮೆಯಿಂದಾಗಿ ಅವರು ಯಾರ ಮುಂದೂ ಕೈ ಚಾಚಿರಲಿಲ್ಲ, ನನ್ನ ಮುಂದೆಯೂ.

ಅತ್ತೆಗೂ ನನಗೂ ಎಣ್ಣೆ-ಸೀಗೆಕಾಯಿ ಸಂಬಂಧ. ಅವರು ಸಾಧು, ನನಗೆ ಬಾಯಿ ಜಾಸ್ತಿ. ಯಾರೇನು ಅಂದರೂ "ಹೋಗ್ಲಿ ಬಿಡವ್ವ, ದೇವರು ನೋಡ್ಕೊಂತಾನ" ಎನ್ನುವುದು ಅವರ ರೂಢಿ. ದೇವರಿಗೆ ನಮ್ಮ ಮನೆಯ ಜಗಳ ನೋಡಿಕೊಳ್ಳುವುದೊಂದೇ ಕೆಲಸವೇ ಎಂದು ನಾನು ಕೇಳುತ್ತಿದ್ದೆ. ನನ್ನ ಗಂಡನದು ತಾಯಿಯ ಸ್ವಭಾವ. ಡ್ಯೂಟಿ ಮುಗಿಸಿ ಬಂದು, ಉಂಡು, ಮಲಗಿದರೆ ಮನೆಯಲ್ಲಿ ಒಬ್ಬ ಗಂಡಸಿದ್ದಾನೆಂದು ಗೊರಕೆಯಿಂದ ತಿಳಿಯಬೇಕು.

ಸಾಹುಕಾರನಿಗೆ ನಮ್ಮ ಸಂದಿ ಬೇಕಾಗಿತ್ತು. ಅದು ಸೇರಿದರೆ ಅವನ ಲಾರಿ ನೇರ ಹಿಂದಕ್ಕೆ ಹೋಗಿ ಕಲ್ಲು ಇಳಿಸಬಹುದಿತ್ತು. ಮೊದಲು ಬೆಣ್ಣೆಯಂಥ ಮಾತಿನಲ್ಲೇ ಬಂದ. "ನಿಮಗ್ಯಾಕ್ರಿ ಈ ಹಿಂದಿನ ಜಾಗ? ನನಗ ಕೊಟ್ಟುಬಿಡ್ರಿ, ಸ್ಟೇಷನ್ ಕಡಿ ಛಲೋ ಮನಿ ನೋಡಿಕೊಡ್ತೀನಿ" ಎಂದ. ಅತ್ತೆ, "ಇಲ್ರಿ ಸಾವ್ಕಾರ್ರ, ಇಲ್ಲೇ ಬಂದೀನಿ, ಇಲ್ಲಿಂದನ ಹೋಗ್ತೀನಿ" ಎಂದು ಕೈಮುಗಿದರು. ಅವನಿಗೆ ಇನ್ನೊಂದು ಉರಿಯೂ ಇತ್ತು. ಅವನ ಅಂಗಳದ ಗೋಡೆಗೆ ಸಂದಿಯ ಕಡೆಯಿಂದ ಒಳ್ಳೆಯ ಬಿಸಿಲು ಬೀಳುತ್ತಿದ್ದದ್ದರಿಂದ ಅತ್ತೆ ಅದಕ್ಕೇ ಸೆಗಣಿಯ ಕುಳ್ಳು ಬಡಿಯುತ್ತಿದ್ದರು. ಅವನ ಅಪ್ಪನ ಕಾಲದಿಂದಲೂ ಹಾಗೇ ನಡೆದು ಬಂದಿತ್ತು. ಮನೆಗೆ ದೊಡ್ಡವರು ಬರುತ್ತಾರೆ, ಗೋಡೆಯ ತುಂಬ ಸೆಗಣಿ ನೋಡುತ್ತಾರೆ ಎಂದು ಇವನಿಗೆ ಮಾತ್ರ ಸಂಕಟ.

ಬೇಸಿಗೆ ಏರಿದಾಗ ಒಂದು ದಿನ ಸಂದಿಯ ಬಾಯಿಗೆ ಲಾರಿ ಬಂತು. ಫರಸಿಗಳನ್ನು ಇಳಿಸಿ ಗೋಡೆಗೆ ಒರಗಿಸಿದರು. ನೋಡಿದ ಕೂಡಲೇ ನನಗೆ ತಿಳಿಯಿತು. ಅತ್ತೆಯ ಕೈ ಹಿಡಿದು ನೇರವಾಗಿ ಪೊಲೀಸ್ ಠಾಣೆಗೆ ನಡೆದೆ. ಅಲ್ಲಿ ಫೌಜದಾರ ಸಾಹೇಬರು ನಮ್ಮನ್ನು ಕೂರಿಸಿ, ಪೂರ್ತಿ ಕೇಳಿಸಿಕೊಂಡು, ತಲೆ ಆಡಿಸಿದರು.

"ಅವ್ವಾರ, ಇದು ದಿವಾಣಿ ತಕರಾರ ಅದ. ಜಾಗ ಯಾರದು, ದಾರಿ ಯಾರದು ಅಂತ ನಾವು ಹೇಳಂಗಿಲ್ಲ. ಚಿತ್ತಾಪುರ ಕೋರ್ಟಿಗೆ ಹೋಗ್ರಿ."

"ಮತ್ತ ಹೊಡದಾಟ ಆದ್ರ?" ಎಂದೆ.

"ಆವಾಗ ಫೌಜದಾರಿ ಆಗ್ತದ. ಆವಾಗ ನಮ್ಮ ಕಡಿ ಬರ್ರಿ."

ತಲೆ ಒಡೆದ ಮೇಲೆ ಬರಬೇಕು, ಒಡೆಯುವ ಮೊದಲು ಬರಬಾರದು ಎಂದಾಯಿತು. ಕಾನೂನು ಇರುವುದೇ ಹಾಗಂತೆ. ಮರುದಿನ ಪ್ಯಾಸೆಂಜರ್ ಗಾಡಿ ಹತ್ತಿ ವಾಡಿಯಲ್ಲಿ ಇಳಿದು, ಅಲ್ಲಿಂದ ಇನ್ನೊಂದು ಗಾಡಿ ಹಿಡಿದು ಚಿತ್ತಾಪುರಕ್ಕೆ ಹೋದೆವು. ಯಾರೋ ಒಬ್ಬ ಮುಸಲ್ಮಾನ ವಕೀಲರ ಮನೆ ತೋರಿಸಿದರು. ನಿಜಾಮನ ಕಾಲದಲ್ಲಿ ಉರ್ದುವಿನಲ್ಲಿ ವಾದ ಮಾಡಿ ಹೆಸರು ಮಾಡಿದ್ದ ಮುದುಕರು, ಈಗ ಇಂಗ್ಲಿಷ್ ಕಾಗದಗಳ ಜೊತೆ ಹೆಣಗುತ್ತಿದ್ದರು. ಅವರಲ್ಲಿ ಒಳ್ಳೆಯತನ ಇತ್ತು, ಅವಸರ ಇರಲಿಲ್ಲ.

"ನೋಡ್ ಬೇಟಿ," ಎಂದರು, "ಕಲ್ಲು ನಿಂದ್ರಿಸೋಕಿಂತ ಮೊದಲ ನಾವು ಹುಕುಂ ತರಬೇಕು. ನಿಂತ ಕಲ್ಲು ಕೀಳಸೋದು ಭಾಳ ಕಷ್ಟ." ಸಾಹುಕಾರ ಕಲ್ಲು ನಿಲ್ಲಿಸಲು ಹೊರಟಿದ್ದಾನೆ, ಅದನ್ನು ತಡೆಯಬೇಕು ಎಂದು ಅರ್ಜಿ ಬರೆದರು. ಅತ್ತೆಯ ಹೆಬ್ಬೆಟ್ಟು ಒತ್ತಿಸಿದರು, ಮನೆ ಅವರ ಹೆಸರಿನಲ್ಲಿತ್ತು. ಆದರೆ ಕೋರ್ಟಿಗೆ ಬೇಸಿಗೆ ರಜೆ ಶುರುವಾಗಿಬಿಟ್ಟಿತ್ತು. ಬಾಗಿಲು ತೆರೆದ ದಿನವೇ ಹಾಕುತ್ತೇನೆ ಎಂದು ಹೇಳಿ ವಕೀಲರು ಮಗಳ ಮನೆಗೆ ಹೈದರಾಬಾದಿಗೆ ಹೋದರು.

ಕೋರ್ಟಿಗೆ ರಜೆ ಎಂಬುದು ಸಾಹುಕಾರನಿಗೂ ಗೊತ್ತಿತ್ತು. ಅದೇ ವಾರ ಆಳುಗಳು ಬಂದು ಸಂದಿಯ ಬಾಯಿಗೆ ಅಡ್ಡಲಾಗಿ ಫರಸಿಗಳನ್ನು ಹೂತರು, ನಡುವಿನ ಸಂದುಗಳಿಗೆ ಸಿಮೆಂಟು ಮೆತ್ತಿದರು. ಒಂದು ಬದಿಗೆ, ಮನುಷ್ಯ ಮೈ ಓರೆ ಮಾಡಿಕೊಂಡು ಜಾರಿ ಹೋಗುವಷ್ಟು ಜಾಗ ಬಿಟ್ಟರು. ಅದು ಅವನ ವಕೀಲ ಹೇಳಿಕೊಟ್ಟ ಜಾಣತನ. ಮನುಷ್ಯರಿಗೆ ದಾರಿ ಬಿಟ್ಟಿದ್ದೇನೆ, ದನ ಮಾತ್ರ ತಡೆದಿದ್ದೇನೆ ಎಂದು ಹೇಳಬಹುದಲ್ಲ. ನನ್ನ ಗಂಡ ಸೈಕಲ್ಲನ್ನು ಆ ಕಿಂಡಿಯಲ್ಲಿ ಹೇಗೋ ತೂರಿಸಿ ತಂದದ್ದನ್ನು ಕಂಡು, ಅಲ್ಲೂ ಮೊಳಕಾಲೆತ್ತರದ ಒಂದು ತುಂಡು ಕಲ್ಲು ಹೂತು, ಅದಕ್ಕೂ ಸಿಮೆಂಟು ಹಾಕಿಸಿದ. ಅತ್ತೆ ಸೀರೆ ಎತ್ತಿಕೊಂಡು ಅದನ್ನು ದಾಟಬೇಕಾಯಿತು, ಹಾಲಿನ ಗಡಿಗೆ ಹಿಡಿದು.

ಎಮ್ಮೆ ಒಳಗೇ ಉಳಿಯಿತು. ಗಬ್ಬದ ಎಮ್ಮೆ. ದಿನಾ ಕೆರೆಗೆ ಹೋಗಿ ಕೊಂಬಿನವರೆಗೆ ಮುಳುಗಿ ಕೂರುತ್ತಿದ್ದ ಜೀವ ನಮ್ಮ ಕಡೆಯ ವೈಶಾಖದ ಬಿಸಿಲಿನಲ್ಲಿ ಅಂಗಳದಲ್ಲಿ ನಾಲಿಗೆ ಚಾಚಿ ನಿಂತಿತು. ಮೇವನ್ನು ಸಣ್ಣ ಸಣ್ಣ ಹೊರೆ ಮಾಡಿ ಆ ಕಿಂಡಿಯಲ್ಲಿ ಎಳೆದು ತರುತ್ತಿದ್ದೆವು. ಕೊಡಗಟ್ಟಲೆ ನೀರು ಹೊತ್ತು ಅದರ ಮೈಮೇಲೆ ಸುರಿಯುತ್ತಿದ್ದೆವು. ನಾನು ಸಾಹುಕಾರನ ಕಟ್ಟೆಗೆ ಹೋಗಿ, ಎಮ್ಮೆ ಹೇಗೆ ಹೊರಗೆ ಬರಬೇಕು ಎಂದು ಕೇಳಿದೆ.

ಅವನು ಎಲೆ ಮಡಿಸುತ್ತಾ, ಪಕ್ಕದವರ ಕಡೆ ನೋಡಿ ನಕ್ಕು, "ಮಾಳಗಿ ಮ್ಯಾಲ ಹತ್ತಿಸಿ ಹಾರಸ್ರಿ" ಎಂದ.

ಕಟ್ಟೆಯ ಮೇಲಿದ್ದವರೆಲ್ಲ ನಕ್ಕರು. ಆ ಕ್ಷಣದಿಂದ ನನಗೆ ದಾರಿಯಷ್ಟೇ ಸಾಕಾಗಲಿಲ್ಲ. ಅವನು ಅಳಬೇಕು ಅನಿಸಿತು. ಇದನ್ನು ನಾನು ಮುಚ್ಚಿಡುವುದಿಲ್ಲ.

ಕೋರ್ಟು ತೆರೆದ ದಿನ ಬೆಳಗ್ಗೆಯೇ ಹೊರಟೆವು. ವಾಡಿಯಲ್ಲಿ ಚಿತ್ತಾಪುರದ ಕಡೆಯ ಗಾಡಿ ತಡವಾಗಿ ಬಂತು. ನಾವು ಓಡಿಕೊಂಡು ಕೋರ್ಟಿಗೆ ತಲುಪಿದಾಗ ವಕೀಲರು ನಗುನಗುತ್ತಾ ಎದುರಿಗೆ ಬಂದರು. ಆ ದಿನವೇ ಹೈದರಾಬಾದಿನಿಂದ ಇಳಿದವರು, ರಜೆಗೆ ಮುಂಚೆ ಬರೆದಿಟ್ಟ ಅರ್ಜಿಯನ್ನು ಹಾಗೇ ಹಾಕಿಬಿಟ್ಟಿದ್ದರು. ಕಲ್ಲು ನಿಲ್ಲಿಸಲು ಹೊರಟಿದ್ದಾರೆ ಎಂದು ಅದರಲ್ಲಿತ್ತು. ಅದನ್ನು ನೋಡಿದ ಮುನ್ಸೀಫ್ ಸಾಹೇಬರು ಅದಕ್ಕೆ ತಕ್ಕ ಹುಕುಂ ಕೊಟ್ಟಿದ್ದರು: ದಾವೆ ತೀರುವವರೆಗೆ ಸಂದಿ ಇವತ್ತು ಹೇಗಿದೆಯೋ ಹಾಗೇ ಇರಬೇಕು, ಎರಡೂ ಕಡೆಯವರು ಏನನ್ನೂ ಮುಟ್ಟಬಾರದು.

"ಗೆದ್ದಿವಿ ಬೇಟಿ" ಎಂದರು ವಕೀಲರು. ನಾವೂ ಗೆದ್ದೆವೆಂದೇ ತಿಳಿದೆವು. ಅತ್ತೆ ಅವರ ಕಾಲಿಗೆ ಬಿದ್ದರು. ಹಿಂದಿರುಗುವಾಗ ವಾಡಿ ಸ್ಟೇಷನ್ನಿನಲ್ಲಿ ನನ್ನ ಗಂಡ ಚಹಾ ತಂದುಕೊಟ್ಟು, ಎಲ್ಲವನ್ನೂ ಕೇಳಿ ಹೇಳಿದರು: "ಇವತ್ತು ಹ್ಯಾಂಗ ಅದ ಹಂಗ ಇರಬೇಕು ಅಂದ್ರ... ಇವತ್ತು ಕಲ್ಲು ನಿಂತಾವಲ್ಲ?"

ಚಹಾದ ಕಪ್ಪನ್ನು ಬೆಂಚಿನ ಮೇಲೆ ಇಟ್ಟೆ. ನಾವೇ ದುಡ್ಡು ಕೊಟ್ಟು, ನಾವೇ ಹೆಬ್ಬೆಟ್ಟು ಒತ್ತಿ, ಅವನ ಕಲ್ಲಿಗೆ ಕೋರ್ಟಿನ ಕಾವಲು ತಂದಿದ್ದೆವು. ಮರುದಿನ ಹೋಗಿ ವಕೀಲರನ್ನು ಹಿಡಿದುಕೊಂಡೆ. ಅವರು ಹಣೆ ಹಣೆ ಬಡಿದುಕೊಂಡರು. ಕಲ್ಲು ತೆಗೆಸಲು ಬೇರೆ ಅರ್ಜಿ ಹಾಕಬೇಕು, ಕಲ್ಲು ಮೊದಲಿನಿಂದಲೂ ಇದ್ದವು ಎಂದು ಅವನು ಸಾಕ್ಷಿ ತರುತ್ತಾನೆ, ಪೇಶಿಯ ಮೇಲೆ ಪೇಶಿ ಬಿದ್ದು ವಿಚಾರಣೆ ಎಳೆಯುತ್ತದೆ ಎಂದರು. ಅರ್ಜಿಯನ್ನೇನೋ ಹಾಕಿದರು. ಆದರೆ ಅದು ತೀರುವ ಹೊತ್ತಿಗೆ ನಮ್ಮ ಎಮ್ಮೆ ಇರುತ್ತದೋ ಇಲ್ಲವೋ ಯಾರು ಹೇಳಬೇಕು?

ಊರಿಗೆ ಬಂದವಳೇ ಹಾರೆ ಎತ್ತಿಕೊಂಡು ಆ ತುಂಡು ಕಲ್ಲಿನ ಬುಡಕ್ಕೆ ಹಾಕಿದೆ. ಕಲ್ಲು ಅಲುಗಾಡುವುದರೊಳಗೆ ಸಾಹುಕಾರ ಠಾಣೆಗೆ ಆಳು ಓಡಿಸಿದ. ಜಮಾದಾರ ಬಂದು ನನ್ನ ಕೈಯಿಂದ ಹಾರೆ ಕಿತ್ತುಕೊಂಡ. "ಹುಕುಂ ತಂದವರು ನೀವೇ ಇದ್ದೀರಿ, ಮುರಿಯೋವರೂ ನೀವೇ ಏನ್ರಿ?" ಎಂದ.

ಅಷ್ಟಕ್ಕೇ ಸಾಹುಕಾರನಿಗೆ ಸಮಾಧಾನ ಆಗಲಿಲ್ಲ, ಮತ್ತು ಅದೇ ಅವನನ್ನು ತಿಂದಿತು. ಮುಂದಿನ ಪೇಶಿಗೆ ಅವನ ವಕೀಲ ಎದ್ದು ನಿಂತು ಎರಡು ಬೇಡಿಕೆ ಇಟ್ಟ. ಈ ಹೆಂಗಸರು ನಮ್ಮ ಗೋಡೆಗೆ ಸೆಗಣಿ ಮೆತ್ತುತ್ತಾರೆ, ಆದ್ದರಿಂದ ಸಂದಿಯ ಜೊತೆ ಅಂಗಳದ ಗೋಡೆಯನ್ನೂ ಹುಕುಮಿನಲ್ಲಿ ಸೇರಿಸಬೇಕು, ಅದನ್ನೂ ಯಾರೂ ಮುಟ್ಟಬಾರದು. ಇವರು ಹಾರೆ ಹಿಡಿದು ಬರುತ್ತಾರೆ, ಆದ್ದರಿಂದ ಹುಕುಂ ಪಾಲನೆಗೆ ಪೊಲೀಸ್ ಬಂದೋಬಸ್ತ್ ಬೇಕು. ನಮ್ಮ ವಕೀಲರು, ಕುಳ್ಳಿನ ವಿಷಯಕ್ಕೆ ಯಾಕೆ ಜಗಳವೆಂದು, ನಮ್ಮ ತಕರಾರಿಲ್ಲ ಎಂದರು. ಮುನ್ಸೀಫ್ ಸಾಹೇಬರು ಎರಡನ್ನೂ ಒಪ್ಪಿ, ಹುಕುಂ ಮುರಿಯದಂತೆ ನೋಡಿಕೊಳ್ಳಿ ಎಂದು ಠಾಣೆಗೆ ಬರೆಸಿದರು. ನಾನು ಗಾಡಿಯಲ್ಲಿ ಬರುವಾಗ ದಾರಿಯುದ್ದಕ್ಕೂ ವಕೀಲರನ್ನು ಬೈದೆ. ಅತ್ತೆ ಕುಳ್ಳನ್ನು ಮಾಳಿಗೆಗೆ ಹೊತ್ತೊಯ್ದು ಒಣಗಿಸತೊಡಗಿದರು. "ಹೋಗ್ಲಿ ಬಿಡವ್ವ" ಎಂದರು.

ಆ ವರ್ಷ ಮಳೆ ತಡವಾಗಿ ಬಂತು, ಬಂದದ್ದು ಬಿಡಲಿಲ್ಲ. ಶ್ರಾವಣದಲ್ಲಿ ಜಡಿ ಹಿಡಿಯಿತು. ಹಿಂದಿನ ಕಲ್ಲುಗುಡ್ಡದಿಂದ, ನಮ್ಮ ಅಂಗಳದಿಂದ, ಗೋದಾಮಿನ ಮಾಳಿಗೆಯಿಂದ ಇಳಿದ ನೀರೆಲ್ಲ ಮೊದಲಿನಿಂದಲೂ ಸಂದಿಯಲ್ಲಿ ಹರಿದು ರಸ್ತೆಯ ಚರಂಡಿಗೆ ಬೀಳುತ್ತಿತ್ತು. ಈಗ ಸಂದಿಯ ಬಾಯಿಗೆ ಸಿಮೆಂಟು ಮೆತ್ತಿದ ಕಲ್ಲು. ಸೈಕಲ್ಲಿಗೆಂದು ಹೂತ ಆ ತುಂಡು ಕಲ್ಲು ಕೊನೆಯ ಕಿಂಡಿಯನ್ನೂ ಮುಚ್ಚಿತ್ತು. ನೀರು ನಿಂತಿತು, ಏರಿತು. ಊರಿನ ಎಲ್ಲ ಹಳೆಯ ಮನೆಗಳಂತೆ ಸಾಹುಕಾರನ ಅಂಗಳದ ಗೋಡೆಯೂ ಕಲ್ಲಿನ ನಡುವೆ ಮಣ್ಣು ತುಂಬಿ ಕಟ್ಟಿದ್ದು. ಬುಡ ನೆನೆಯಿತು.

ಒಂದು ಬೆಳಿಗ್ಗೆ ಸಾಹುಕಾರ ಮಳೆಗೆ ಕಂಬಳಿಯ ಗೊಪ್ಪೆ ಹೊದ್ದುಕೊಂಡು, ಇಬ್ಬರು ಆಳುಗಳ ಕೈಯಲ್ಲಿ ಹಾರೆ ಕೊಟ್ಟು ಸಂದಿಯ ಬಾಯಿಗೆ ಬಂದ. ತುಂಡು ಕಲ್ಲು ಕೀಳಿಸಿ ನೀರು ಬಿಡಲು. ನಾನು ಅವರನ್ನು ಕಂಡದ್ದೇ ಆ ಕಲ್ಲನ್ನೇ ದಾಟಿ, ಮಳೆಯಲ್ಲೇ ಠಾಣೆಗೆ ಓಡಿದೆ.

"ಸಾಹೇಬ್ರ, ಕೋರ್ಟ್ ಹುಕುಂ ಮುರೀಲಿಕತ್ತಾರ್ರಿ!"

ಫೌಜದಾರ ಸಾಹೇಬರು ಚಹಾದ ಬಟ್ಟಲು ಕೆಳಗಿಟ್ಟು ನನ್ನನ್ನು ನೋಡಿದರು. ಅವರ ಮೇಜಿನಲ್ಲೇ ಕೋರ್ಟಿನ ಬರಹ ಇತ್ತು, ಸಾಹುಕಾರ ತಾನೇ ಓಡಾಡಿ ತರಿಸಿದ್ದು. ಅವರು ನಿಟ್ಟುಸಿರು ಬಿಟ್ಟು, ಜಮಾದಾರನನ್ನೂ ಇಬ್ಬರು ಪೊಲೀಸರನ್ನೂ ಕಳಿಸಿದರು. ಜಮಾದಾರ ಬಂದು ಆಳುಗಳ ಕೈಯಿಂದ ಹಾರೆ ಕಿತ್ತುಕೊಂಡ, ನನ್ನಿಂದ ಕಿತ್ತುಕೊಂಡ ಹಾಗೆಯೇ.

ಸಾಹುಕಾರ ನನ್ನ ಕಡೆ ತಿರುಗಿ, ಮೊದಲ ಸಲ ಕೈಮುಗಿದ. "ತಂಗಿ, ಗ್ವಾಡಿ ಬೀಳ್ತದ. ಆ ಒಂದು ಕಲ್ಲು ತಗೀಲಿಕ್ಕೆ ಬಿಡವ್ವ. ನೀರು ಹೋಗ್ಲಿ."

"ಬಿದ್ರ ಬೀಳ್ಲಿ," ಎಂದೆ. "ಹ್ಯಾಂಗ ಅದ ಹಂಗ ಇರಬೇಕು. ನಿಮ್ಮ ವಕೀಲರೇ ಬರಸ್ಯಾರ."

"ನೀರು ನಿಮ್ಮ ಮನಿಗೂ ಬರ್ತದ."

"ಬರ್ಲಿ."

ಬಂತು ಕೂಡ. ನಮ್ಮ ಕಟ್ಟೆಯ ಅಂಚಿನವರೆಗೆ ಬಂತು. ನನ್ನ ಗಂಡ, "ಏನ್ ಹಟ ಇದು, ಮೂಗು ಕೊಯ್ಕೊಂಡು ಮಂದಿಗಿ ಅಪಶಕುನ ಮಾಡಿದಂಗ" ಎಂದು ಗೊಣಗಿದರು. ನನ್ನ ಮೂಗು ಹೋದರೂ ಚಿಂತೆ ಇರಲಿಲ್ಲ, ಅವನಿಗೆ ಅಪಶಕುನ ಆದರೆ ಸಾಕಾಗಿತ್ತು. ಅತ್ತೆ ಎಮ್ಮೆಯನ್ನು ಕಟ್ಟೆಯ ಮೇಲೆ ಹತ್ತಿಸಿ, ಅದರ ಹೊಟ್ಟೆಯ ಮೇಲೆ ಕೈ ಇಟ್ಟುಕೊಂಡು ನಿಂತಿದ್ದರು.

ಮಧ್ಯಾಹ್ನದ ಹೊತ್ತಿಗೆ ಗೋಡೆ ಕುಸಿಯಿತು. ದೊಡ್ಡ ಸದ್ದೇನೂ ಇಲ್ಲ, ದಣಿದವರು ಕೂತ ಹಾಗೆ ಅವನ ಅಂಗಳದ ಕಡೆಗೆ ಕೂತುಬಿಟ್ಟಿತು. ಪುಣ್ಯಕ್ಕೆ ಅಂಗಳದಲ್ಲಿ ಯಾರೂ ಇರಲಿಲ್ಲ. ಸಂದಿಯ ನೀರೆಲ್ಲ ಆ ಕಡೆ ನುಗ್ಗಿ, ಅವನ ಅಂಗಳ ತುಂಬಿ, ತಲೆಬಾಗಿಲಿನಿಂದ ರಸ್ತೆಗೆ ಹರಿಯಿತು.

ನೀರು ಇಳಿಯಿತು. ಎಮ್ಮೆ ಕಿವಿ ಎತ್ತಿತು. ಅದಕ್ಕೆ ಯಾರೂ ಹೇಳಿಕೊಡಲಿಲ್ಲ, ನಾನಂತೂ ಹೇಳಿಕೊಡಲಿಲ್ಲ. ಹಗ್ಗ ಜಗ್ಗಿ ಕಿತ್ತುಕೊಂಡು, ಕಟ್ಟೆ ಇಳಿದು, ಬಿದ್ದ ಗೋಡೆಯ ಮಣ್ಣು ತುಳಿದು, ಸಾಹುಕಾರನ ಅಂಗಳಕ್ಕೆ ಹೋಯಿತು. ತುಂಬಿದ ಹೊಟ್ಟೆ ಅಲುಗಾಡಿಸುತ್ತಾ ನಡುಮನೆಯ ಮುಂದಿನಿಂದ ಸಾಗಿ, ಅವನ ತಲೆಬಾಗಿಲ ಹೊಸ್ತಿಲು ದಾಟಿ ಕೆರೆಯ ದಾರಿ ಹಿಡಿಯಿತು. ಸಾಹುಕಾರನ ಹೆಂಡತಿ "ಅಯ್ಯೋ ಎಮ್ಮಿ, ಎಮ್ಮಿ" ಎಂದು ಕೂಗುತ್ತಿದ್ದಳು. ನಾನು ಅದರ ಹಿಂದೆಯೇ ನಡೆದೆ, ಅವಸರವಿಲ್ಲದೆ.

ಮಳೆ ನಿಂತ ಮೇಲೆ ಗೋಡೆ ಕಟ್ಟಲು ಗೌಂಡಿ ಬಂದ. ನಾನು ಮತ್ತೆ ಠಾಣೆಗೆ ಹೋದೆ. ಗೋಡೆಯೂ ಹುಕುಮಿನಲ್ಲಿದೆ, ಯಾರೂ ಮುಟ್ಟುವಂತಿಲ್ಲ ಎಂದೆ. ಫೌಜದಾರ ಸಾಹೇಬರು ತಾವೇ ಬಂದು, ಮಣ್ಣಿನ ಗುಡ್ಡೆಯ ಮುಂದೆ ಟೋಪಿ ತೆಗೆದು ತಲೆ ಕೆರೆದುಕೊಂಡರು. "ಬಿದ್ದ ಗ್ವಾಡೀನ ಹ್ಯಾಂಗ ಕಾಯ್ಲವ್ವ?" ಎಂದರು. ಆದರೂ ಗೌಂಡಿಗೆ ಹೋಗು ಎಂದರು. ಕೋರ್ಟಿನ ಅಪ್ಪಣೆ ತಂದ ಮೇಲೆ ಕಟ್ಟಿರಿ ಎಂದು ಸಾಹುಕಾರನಿಗೆ ಹೇಳಿದರು.

ಅಂದಿನಿಂದ ದಿನಾ ಬೆಳಿಗ್ಗೆ ಎಮ್ಮೆ ಅವನ ಅಂಗಳದಿಂದ ಹೋಗುತ್ತಿತ್ತು, ಸಂಜೆ ಅದೇ ಅಂಗಳದಿಂದ ಬರುತ್ತಿತ್ತು. ಅತ್ತೆಗೆ ಸಂಕೋಚ. "ಮಂದಿ ಮನಿಯಾಗಿಂದ ಹೋಗಲಿಕ್ಕೆ ನಾಚಿಕಿ ಬರ್ತದವ್ವ" ಎನ್ನುತ್ತಿದ್ದರು. ನಾಚಿಕೆ ಅವನಿಗೆ ಬರಲಿ ಎಂದು ಹಗ್ಗ ನಾನೇ ಹಿಡಿಯುತ್ತಿದ್ದೆ. ಹೈದರಾಬಾದಿನಿಂದ ಕಲ್ಲು ಕೊಳ್ಳಲು ಬಂದ ದೊಡ್ಡ ವ್ಯಾಪಾರಿಗಳು ಅಂಗಳದಲ್ಲಿ ಕುರ್ಚಿ ಹಾಕಿಕೊಂಡು ಕೂತಿದ್ದಾಗ ಎಮ್ಮೆ ಅವರ ನಡುವೆ ಹಾದು, ಬಾಲವೆತ್ತಿ ತನ್ನ ಕೆಲಸ ಮುಗಿಸಿ ಮುಂದೆ ಹೋಯಿತು. ಸಾಹುಕಾರ ಅಂದೇ ಠಾಣೆಗೆ ಹೋಗಿ, ನಾವು ಅವನ ಮನೆಯೊಳಗೆ ಅತಿಕ್ರಮವಾಗಿ ನುಗ್ಗುತ್ತಿದ್ದೇವೆ ಎಂದು ದೂರು ಕೊಟ್ಟ. ಫೌಜದಾರ ಸಾಹೇಬರಿಗೆ ನಮ್ಮ ಎರಡೂ ಮನೆಗಳ ಹೆಸರು ಕೇಳಿದರೆ ಆಗಲೇ ತಲೆನೋವು ಬರುತ್ತಿತ್ತು.

"ಸಾವ್ಕಾರ್ರ," ಎಂದರಂತೆ, "ಎಲ್ಲಿ ದಾರಿ ಅದ, ಎಲ್ಲಿ ಇಲ್ಲ ಅಂತ ನಾವು ಹೇಳಂಗಿಲ್ಲ. ಇದು ದಿವಾಣಿ ತಕರಾರ."

ಇದನ್ನು ಜಮಾದಾರ ಬಂದು ನನಗೆ ಹೇಳಿದಾಗ ನಾನು ಅವನಿಗೆ ಒಂದು ಚೊಂಬು ಮಜ್ಜಿಗೆ ಕೊಟ್ಟೆ.

ಕೋರ್ಟಿನಲ್ಲಿ ಗೋಡೆ ಕಟ್ಟಲು ಅಪ್ಪಣೆ ಬೇಕೆಂದು ಅವನ ವಕೀಲ ಅರ್ಜಿ ಹಾಕಿದ. ನಾನು ನಮ್ಮ ವಕೀಲರ ಮುಂದೆ ಕೂತು, ಅವಸರ ಮಾಡಬೇಡಿ ಎಂದೆ. ಅವರು ಗಡ್ಡ ನೀವಿಕೊಂಡು ನಕ್ಕರು. ಅವಸರ ಮಾಡದಿರುವುದು ಅವರಿಗೆ ಹೇಳಿಕೊಡಬೇಕಾದ ವಿದ್ಯೆಯೇ? ಒಂದು ಪೇಶಿಗೆ ಕಾಗದ ಸಿಗಲಿಲ್ಲ, ಇನ್ನೊಂದಕ್ಕೆ ಜ್ವರ ಬಂತು, ಮತ್ತೊಂದಕ್ಕೆ ಇನ್ನಷ್ಟು ದಿನ ಮುದ್ದತ್ ಕೇಳಿದರು. ದಸರೆ ಹೋಯಿತು, ದೀಪಾವಳಿ ಹೋಯಿತು. ಎಮ್ಮೆ ಕರು ಹಾಕಿತು. ಆಮೇಲೆ ಎರಡೂ ಸಾಹುಕಾರನ ಅಂಗಳದಿಂದ ಓಡಾಡಿದವು.

ಕಡೆಗೆ ಮುನ್ಸೀಫ್ ಸಾಹೇಬರು ಜಾಗ ನೋಡಿ ಬರಲು ಒಬ್ಬ ವಕೀಲರನ್ನು ಕಮಿಷನರ್ ಎಂದು ಕಳಿಸಿದರು. ಒಳ್ಳೆಯ ದುಂಡು ಮನುಷ್ಯ, ಕೋಟು ಬೇರೆ. ಮನುಷ್ಯರು ಓಡಾಡಲು ದಾರಿ ಬಿಟ್ಟಿದ್ದೇವೆ ಎಂದು ಸಾಹುಕಾರ ಬರೆಸಿದ್ದನಲ್ಲ, ಆ ಕಿಂಡಿಯಲ್ಲಿ ಕಮಿಷನರು ಕಾಲು ಹಾಕಿದರು. ಒಂದು ಕಾಲು ದಾಟಿತು, ಹೊಟ್ಟೆ ದಾಟಲಿಲ್ಲ. ಹಿಂದಕ್ಕೂ ಬರಲಾಗದೆ ಗುಂಡಿ ಹರಿದುಕೊಂಡು ಹೊರಬಂದರು. ಊರಿನ ಅರ್ಧ ಜನ ನೋಡುತ್ತಿದ್ದರು. "ಹಂಗ ಬರಬ್ಯಾಡ್ರಿ ಸಾಹೇಬ್ರ, ಎಮ್ಮಿ ಬರೋ ದಾರೀಲೆ ಬರ್ರಿ" ಎಂದು ಅಂಗಳದ ಕಡೆ ಕೈ ತೋರಿಸಿದೆ. ಅವರು ಕೆಂಪಗಾಗಿ ಅಲ್ಲಿಂದಲೇ ಬಂದು ನಮ್ಮ ಮನೆ ನೋಡಿದರು. ಅವರು ಕೋರ್ಟಿಗೆ ಏನು ಬರೆದರೋ ನಾನು ಓದಿಲ್ಲ, ಆದರೆ ಅದಾದ ಮೇಲಿನ ಪೇಶಿಗೆ ಸಾಹುಕಾರನ ವಕೀಲ ತಾನಾಗಿಯೇ ರಾಜಿ ಮಾತು ತೆಗೆದ. ಕಲ್ಲು ಕೀಳುತ್ತೇವೆ, ಸಂದಿ ಎರಡೂ ಮನೆಯದೆಂದು ಒಪ್ಪುತ್ತೇವೆ, ಗೋಡೆ ಕಟ್ಟಲು ಬಿಡಿ.

ನನಗೆ ಒಪ್ಪಿಗೆ ಇರಲಿಲ್ಲ. ನಮ್ಮ ದಾರಿ ನಮಗೆ ಸಿಕ್ಕರೆ ಅವನಿಗೇನು ಶಿಕ್ಷೆ ಆದ ಹಾಗಾಯಿತು? ಕೋರ್ಟಿನ ಮುಂದಿನ ಬೇವಿನ ಗಿಡದ ಕೆಳಗೆ ನಿಂತು, ರಾಜಿ ಬೇಡ, ಇನ್ನೊಂದು ಮಳೆಗಾಲ ನೋಡೋಣ ಎಂದು ಹಟ ಹಿಡಿದೆ. ವಕೀಲರು ನನ್ನ ಬಾಯಿ ಮುಚ್ಚಿಸಿ ಅತ್ತೆಯ ಕಡೆ ತಿರುಗಿದರು. ದಾವೆ ಅವರದು. ಅತ್ತೆ ಸೆರಗು ಸರಿ ಮಾಡಿಕೊಂಡು ನಿಧಾನವಾಗಿ ಹೇಳಿದರು.

"ರಾಜಿ ಆಗ್ತೀನ್ರಿ. ಆದ್ರ ಆ ಫರಸಿ ಅವರು ವಾಪಸ್ ಒಯ್ಯಂಗಿಲ್ಲ. ನಮ್ಮ ದಾರಿಗಿ ನಿಂತಾವಲ್ಲ, ಅವನ್ನ ಅದೇ ದಾರಿಯಾಗ ಮಲಗಸ್ಲಿ. ಹಾಸುಗಲ್ಲು ಮಾಡ್ಲಿ. ಅವರ ಖರ್ಚಿಲೆ. ಅವರು ಮುಂದ ನಿಂತು."

ವಕೀಲರು ಒಮ್ಮೆ ನನ್ನ ಮುಖ, ಒಮ್ಮೆ ಅತ್ತೆಯ ಮುಖ ನೋಡಿದರು. "ಬರೋಬ್ಬರಿ ಅದ" ಎಂದರು. ಹಾಗೆಯೇ ಬರೆಸಿದರು.

ಕಲ್ಲು ಕೀಳುವ ದಿನ ಜಗಳವಾಗಬಾರದೆಂದು ಠಾಣೆಯಿಂದ ಜಮಾದಾರ ಬಂದು ನಿಂತಿದ್ದ. ಊರು ಸೇರಿತ್ತು. ಆಳುಗಳು ಸಿಮೆಂಟು ಒಡೆದು ಕಲ್ಲುಗಳನ್ನು ಒಂದೊಂದಾಗಿ ಎತ್ತಿ, ಮರಳು ಹರಡಿ, ಸಂದಿಯ ಉದ್ದಕ್ಕೂ ಹಾಸುತ್ತಾ ಬಂದರು. ಸಾಹುಕಾರ ಕೈ ಹಿಂದೆ ಕಟ್ಟಿಕೊಂಡು ನಿಂತಿದ್ದ. ಯಾರ ಮುಖವನ್ನೂ ನೋಡುತ್ತಿರಲಿಲ್ಲ. ನಾನು ಮಾತ್ರ ಅವನನ್ನೇ ನೋಡುತ್ತಿದ್ದೆ, ಹಬ್ಬದ ಹೋಳಿಗೆ ತಿಂದಷ್ಟು ತೃಪ್ತಿಯಾಗುತ್ತಿತ್ತು.

ಕೊನೆಯ ಕಲ್ಲು ಹಾಸಿದಾಗ ಬಿಸಿಲು ಇಳಿದು ಸಂಜೆಯಾಗಿತ್ತು. ಆಳುಗಳು ಬೆವರು ಒರೆಸಿಕೊಂಡು ಹೊರಡಲು ಎದ್ದರು. ಅತ್ತೆ ಮುಂದೆ ಬಂದು, ಆ ಕಲ್ಲಿನ ಮೇಲೆ ಬರಿಗಾಲಿಟ್ಟು, ಅತ್ತಿತ್ತ ಒತ್ತಿ ನೋಡಿದರು.

"ಸಾವ್ಕಾರ್ರ, ಇದು ಅಲುಗ್ಯಾಡ್ಲಿಕತ್ತದ. ತಗದು ಮತ್ತ ಹಾಸಸ್ರಿ."

ಅವನು ಹಲ್ಲು ಕಚ್ಚಿದ. ಆಳು ಅದೇನೂ ಅಲುಗಾಡುವುದಿಲ್ಲ ಎಂದು ಹೇಳಲು ಬಾಯಿ ತೆರೆದ. ಸಾಹುಕಾರ ಜಮಾದಾರನ ಕಡೆ ನೋಡಿ, ಸೇರಿದ ಜನರ ಕಡೆ ನೋಡಿ, "ತಗೀರಿ" ಎಂದ. ತೆಗೆದರು. ಮರಳು ಹರಡಿ ಮತ್ತೆ ಹಾಸಿದರು. ಅತ್ತೆ ಮತ್ತೆ ಕಾಲಿಟ್ಟರು. ಈಗ ಆ ಮೂಲೆ ಎತ್ತರವಾಯಿತು ಎಂದರು. ಒಬ್ಬ ಆಳು ಬೇಸತ್ತು ಹೊರಟೇಬಿಟ್ಟ, ಮೂರನೆಯ ಸಲ ಕಲ್ಲು ಎತ್ತಲು ಸಾಹುಕಾರನೇ ಬಗ್ಗಿ ಒಂದು ಬದಿ ಹಿಡಿದ. ಅವನ ಧೋತರಕ್ಕೆ ಮಣ್ಣಾಯಿತು, ಕಲ್ಲಿನ ಕೆಳಗೆ ಸಿಕ್ಕಿದ ಬೆರಳನ್ನು ಬಾಯಿಗೆ ಇಟ್ಟುಕೊಂಡ. ಅತ್ತೆ ಅದನ್ನು ನೋಡಿ, "ಹಾಂ, ಈಗ ಸರಿ ಆತು" ಎಂದು ಒಳಗೆ ನಡೆದರು.

ನಾನು ಹಿಂದೆಯೇ ಹೋದೆ. "ಅತ್ತಿ, ಆ ಕಲ್ಲು ಮೊದಲನೇ ಸಲಾನೇ ಸರಿ ಕೂತಿತ್ತಲ್ಲ. ನಾ ನೋಡೀನಿ" ಎಂದೆ.

ಅತ್ತೆ ಕರುವನ್ನು ಬಿಚ್ಚುತ್ತಿದ್ದರು. ತಿರುಗಿ ನೋಡಲಿಲ್ಲ.

"ಸರೀನೇ ಕೂತಿತ್ತವ್ವ. ನನಗೇನು ಗೊತ್ತಿಲ್ಲೇನು?" ಎಂದು ಹೇಳಿ, ಹಾಲು ಹಿಂಡಲು ಕೂತರು.